ಮೂಕಿಯಿಂದ ಟಾಕಿಗೆ: ನಮ್ಮ ಜಿಲ್ಲೆಯ ಬಿ. ಜಯಮ್ಮ ಯಾಕೆ ಮರೆತುಹೋದರು?

(ಕಡೂರು, ತರೀಕೆರೆ, ಅಜ್ಜಂಪುರದ ಯುವ ಕೇಳುಗರಿಗಾಗಿ ಆಡಿದ ಮಾತಿನ ಲಿಖಿತ ರೂಪ)

ಬಸ್ಸಲ್ಲಿ ಕೂತು ಕೇಳ್ತಿರೋರು, ತೋಟದಲ್ಲಿ ಅಡಿಕೆ ಒಣಗಿಸ್ತಾ ಕೇಳ್ತಿರೋರು, ಪರೀಕ್ಷೆಗೆ ಓದ್ತೀನಿ ಅಂತ ಮನೇಲಿ ಹೇಳಿ ಇಯರ್‌ಫೋನ್ ಹಾಕ್ಕೊಂಡಿರೋರು, ಎಲ್ಲರಿಗೂ ಸ್ವಾಗತ.

ಮೊದಲು ಒಂದು ಸಣ್ಣ ಕೆಲಸ. ಕೈಯಲ್ಲಿ ಫೋನ್ ಇದೆಯಲ್ಲ, ‘ಬಿ. ಜಯಮ್ಮ’ ಅಂತ ಹುಡುಕಿ. ಬಿ. ಜಯಾ ಸಿಗಬಹುದು, ನೂರಾರು ಚಿತ್ರಗಳಲ್ಲಿ ನಮ್ಮನ್ನ ನಗಿಸಿದ ನಟಿ. ಬಿ. ಜಯಶ್ರೀ ಸಿಗಬಹುದು, ರಂಗಭೂಮಿಯ ದೊಡ್ಡ ಹೆಸರು, ಗುಬ್ಬಿ ವೀರಣ್ಣನವರ ಮೊಮ್ಮಗಳು. ಇನ್ನೂ ಸ್ವಲ್ಪ ಕೆಳಗೆ ಹೋದ್ರೆ ಬಿ. ಜಯಮ್ಮ ಬರ್ತಾರೆ. ಅಲ್ಲೂ ಅವರ ಬಗ್ಗೆ ಹೆಚ್ಚಾಗಿ ಕಾಣೋ ಮಾತು ಒಂದೇ: ಗುಬ್ಬಿ ವೀರಣ್ಣನವರ ಪತ್ನಿ.

ಅದು ಸುಳ್ಳಲ್ಲ. ಆದರೆ ಪೂರ್ತಿ ನಿಜಾನೂ ಅಲ್ಲ. ಇವತ್ತು ನಾನು ಹೇಳೋಕೆ ಹೊರಟಿರೋದು ಆ ಒಂದು ಸಾಲಿನ ಹಿಂದೆ ಮುಚ್ಚಿಹೋಗಿರೋ ವೃತ್ತಿಜೀವನದ ಕಥೆ. ಮೂಕಿಚಿತ್ರದಿಂದ ಶುರುವಾಗಿ, ಕನ್ನಡ, ತೆಲುಗು, ತಮಿಳು ಮೂರೂ ಭಾಷೆಗಳ ಟಾಕಿಗಳಿಗೆ ಹೋಗಿ, ಈ ನಡುವೆ ಕಂಪನಿ ನಾಟಕದ ರಂಗದ ಮೇಲೆ ರಾತ್ರಿಗಟ್ಟಲೆ ಹಾಡಿದ ಹೆಂಗಸಿನ ಕಥೆ.

ಕಡೂರು ಜಿಲ್ಲೆಯ ಹುಡುಗಿ

ಜಯಮ್ಮ ಹುಟ್ಟಿದ್ದು 1915ರಲ್ಲಿ, ಚಿಕ್ಕಮಗಳೂರಿನಲ್ಲಿ. ‘ನಮ್ಮೂರಲ್ಲ ಬಿಡಿ, ಅದು ಘಟ್ಟದ ಕಡೆ’ ಅಂತ ಕಡೂರಿನವರು ಅನ್ನಬಹುದು. ಸ್ವಲ್ಪ ತಾಳಿ. ಆ ಕಾಲದ ಮೈಸೂರು ಸಂಸ್ಥಾನದ ಕಾಗದಪತ್ರಗಳಲ್ಲಿ ಈ ಇಡೀ ಜಿಲ್ಲೆಯ ಹೆಸರೇ ಕಡೂರು ಜಿಲ್ಲೆ. ಜಿಲ್ಲಾ ಕೇಂದ್ರ ಕಡೂರಿನಿಂದ ಚಿಕ್ಕಮಗಳೂರಿಗೆ ಹೋಗಿ ಎಷ್ಟೋ ವರ್ಷ ಆಗಿದ್ರೂ ಹೆಸರು ಮಾತ್ರ 1947ರವರೆಗೂ ಹಾಗೇ ಇತ್ತು. ಅಂದ್ರೆ ಜಯಮ್ಮ ಹುಟ್ಟಿದಾಗ ಅವರು ಕಡೂರು ಜಿಲ್ಲೆಯ ಹುಡುಗಿ. ತರೀಕೆರೆ, ಅಜ್ಜಂಪುರ ಎಲ್ಲಾ ಅದರೊಳಗೇ. ಅಜ್ಜಂಪುರವಂತೂ ಮೊನ್ನೆಮೊನ್ನೆವರೆಗೂ ತರೀಕೆರೆ ತಾಲ್ಲೂಕಿನ ಒಂದು ಹೋಬಳಿಯಾಗಿತ್ತು.

ನಮ್ಮ ಕಡೆಯವರು ಸಾಹಿತ್ಯದ ವಿಷಯಕ್ಕೆ ಬಂದ್ರೆ ‘ಆನಂದ’ರನ್ನ ಮರೆಯಲ್ಲ. ಅಜ್ಜಂಪುರ ಸೀತಾರಾಮ್ ಅಂದ್ರೆ ಈಗಲೂ ‘ನಾನು ಕೊಂದ ಹುಡುಗಿ’ ಕಥೆ ನೆನಪಾಗತ್ತೆ. ಬರೆದದ್ದು ಉಳಿಯತ್ತೆ. ಹಾಡಿದ್ದು, ಆಡಿದ್ದು ಉಳಿಯಲ್ಲ. ಜಯಮ್ಮನವರ ಇಡೀ ಕಥೆ ಇರೋದು ಈ ವ್ಯತ್ಯಾಸದಲ್ಲೇ.

ಕಂಪನಿ ನಾಟಕ ಅಂದ್ರೆ ಏನು?

ಇದನ್ನ ಸ್ವಲ್ಪ ವಿವರಿಸಲೇಬೇಕು. ಯಾಕಂದ್ರೆ ಈಗಿನ ನಮಗೆ ನಾಟಕ ಅಂದ್ರೆ ಕಾಲೇಜಿನ ವಾರ್ಷಿಕೋತ್ಸವ, ಇಲ್ಲಾ ಊರ ಹಬ್ಬದ ಪೌರಾಣಿಕ ನಾಟಕ.

ಗುಬ್ಬಿ ಶ್ರೀ ಚನ್ನಬಸವೇಶ್ವರ ನಾಟಕ ಕಂಪನಿ ಶುರುವಾದದ್ದು 1884ರಲ್ಲಿ, ತುಮಕೂರಿನ ಹತ್ತಿರದ ಗುಬ್ಬಿಯಲ್ಲಿ. ವೀರಣ್ಣನವರ ಕೈಗೆ ಬಂದ ಮೇಲೆ ಅದು ದಕ್ಷಿಣ ಭಾರತದ ಅತಿ ದೊಡ್ಡ ಕಂಪನಿಗಳಲ್ಲಿ ಒಂದಾಯ್ತು. 1930ರ ದಶಕದಲ್ಲಿ ಅವರು ಆಡಿದ ‘ಕುರುಕ್ಷೇತ್ರ’ ನಾಟಕದಲ್ಲಿ ರಂಗದ ಮೇಲೆ ನಿಜವಾದ ಆನೆ, ಕುದುರೆ ಬರ್ತಿದ್ವು. ಗ್ರಾಫಿಕ್ಸ್ ಅಲ್ಲ, ನಿಜವಾದ ಆನೆ! ಮುಂದೆ ಸಿನಿಮಾದಲ್ಲಿ ಹೆಸರು ಮಾಡಿದ ರಾಜ್‌ಕುಮಾರ್, ಬಾಲಕೃಷ್ಣ, ನರಸಿಂಹರಾಜು, ಜಿ.ವಿ. ಅಯ್ಯರ್, ರಂಗಭೂಮಿಯ ಬಿ.ವಿ. ಕಾರಂತ, ಇವರೆಲ್ಲ ಆ ಕಂಪನಿಯ ಅನ್ನ ತಿಂದವರೇ.

ಇಂಥ ಕಂಪನಿಗಳು ಒಂದೂರಿನಲ್ಲಿ ತಗಡಿನ ಥಿಯೇಟರ್ ಕಟ್ಟಿ ತಿಂಗಳುಗಟ್ಟಲೆ ಮೊಕ್ಕಾಂ ಮಾಡ್ತಿದ್ವು. ಜನ ಬರೋದು ಕಮ್ಮಿಯಾದ್ರೆ ಗಂಟುಮೂಟೆ ಕಟ್ಟಿ ಮುಂದಿನ ಊರು. ಪರದೆ, ಸೀನರಿ, ಪೆಟ್ಟಿಗೆ, ಹಾರ್ಮೋನಿಯಂ, ಅಡುಗೆ ಪಾತ್ರೆ, ಮಕ್ಕಳುಮರಿ, ಎಲ್ಲವೂ ಜೊತೆಗೆ. ದೊಡ್ಡ ಕಂಪನಿಯ ಅಷ್ಟೂ ಸಾಮಾನು ಸಾಗಿಸೋಕೆ ರೈಲೇ ಗತಿ. ಆದ್ದರಿಂದ ರೈಲು ಹೋಗೋ ಊರುಗಳಿಗೆ ನಾಟಕ ಬೇಗ ತಲುಪ್ತಿತ್ತು. ಕಡೂರು, ಬೀರೂರು, ಅಜ್ಜಂಪುರ ಬೆಂಗಳೂರು–ಹುಬ್ಬಳ್ಳಿ ದಾರಿಯಲ್ಲಿವೆ. ತರೀಕೆರೆ ಬೀರೂರಿನಿಂದ ಶಿವಮೊಗ್ಗಕ್ಕೆ ಒಡೆಯೋ ದಾರಿಯಲ್ಲಿದೆ. ನಾವು ಸಾಮಾನ್ಯವಾಗಿ ಬೆಂಗಳೂರಿಗೆ ಹೋಗೋಕೆ ಅಂತ ನೋಡೋ ಈ ಹಳಿ, ನಮ್ಮ ಅಜ್ಜ ಅಜ್ಜಿಯರ ಕಾಲಕ್ಕೆ ಬೆಂಗಳೂರನ್ನ ಇಲ್ಲಿಗೆ ತರ್ತಿದ್ದ ಹಳಿ.

ಈಗ ಆ ರಂಗದ ಮೇಲೆ ನಿಲ್ಲೋ ನಟಿಯನ್ನ ಕಲ್ಪಿಸಿಕೊಳ್ಳಿ. ರಾತ್ರಿ ಊಟ ಮುಗಿಸಿ ಜನ ಬರ್ತಾರೆ, ನಾಟಕ ಬೆಳಗಿನ ಜಾವದವರೆಗೂ ನಡೆಯತ್ತೆ. ಮೊದಮೊದಲು ಮೈಕೇ ಇರಲಿಲ್ಲ. ಕೊನೇ ಸಾಲಿನಲ್ಲಿ ನೆಲದ ಮೇಲೆ ಕೂತಿರೋ ಕಮ್ಮಿ ದುಡ್ಡಿನ ಟಿಕೆಟ್‌ನವನಿಗೂ ಪ್ರತಿ ಪದ ಕೇಳಬೇಕು. ಹಾಡು ಮೆಚ್ಚುಗೆಯಾದ್ರೆ ‘ಒನ್ಸ್ ಮೋರ್’ ಅಂತ ಕೂಗ್ತಾರೆ, ಸತ್ತುಬಿದ್ದ ಪಾತ್ರ ಎದ್ದು ಕೂತು ಮತ್ತೆ ಹಾಡಬೇಕು. ಮಾರನೇ ರಾತ್ರಿ ಬೇರೆ ನಾಟಕ, ಬೇರೆ ಪಾತ್ರ, ಬೇರೆ ರಾಗಗಳು. ಟೇಕ್ ಎರಡು, ಟೇಕ್ ಮೂರು ಅನ್ನೋ ಮಾತೇ ಇಲ್ಲ.

ಇದರ ಮೇಲೆ ಇನ್ನೊಂದು ಭಾರ. ಅದಕ್ಕೂ ಹಿಂದಿನ ಕಾಲದಲ್ಲಿ ಹೆಣ್ಣಿನ ಪಾತ್ರವನ್ನ ಗಂಡಸರೇ ಮಾಡ್ತಿದ್ರು. ಹೆಂಗಸರನ್ನ ರಂಗಕ್ಕೆ ತಂದು ನಿಲ್ಲಿಸಿದ ಕಂಪನಿಗಳಲ್ಲಿ ಗುಬ್ಬಿ ಕಂಪನಿ ಮುಖ್ಯವಾದದ್ದು. ನಾಟಕ ನೋಡೋಕೆ ಊರೆಲ್ಲಾ ಬರ್ತಿತ್ತು. ಆದರೆ ನಾಟಕದ ಹೆಂಗಸಿಗೆ ಬಾಡಿಗೆ ಮನೆ ಕೊಡಬೇಕು ಅಂದಾಗ ಅದೇ ಊರು ಹಿಂದೆಮುಂದೆ ನೋಡ್ತಿತ್ತು. ಜಯಮ್ಮ ಬೆಳೆದದ್ದು ಆ ಚಪ್ಪಾಳೆ ಮತ್ತು ಆ ಅನುಮಾನ ಎರಡರ ನಡುವೆ.

ಮಾತಿಲ್ಲದ ಮೊದಲ ಚಿತ್ರ

ವೀರಣ್ಣನವರಿಗೆ ಸಿನಿಮಾ ಹುಚ್ಚು ಬೇಗನೇ ಹಿಡೀತು. ಬೆಂಗಳೂರಿನಲ್ಲಿ ಮೂಕಿಚಿತ್ರ ತೆಗೆಯೋಕೆ ಕೈಹಾಕಿದ್ರು. 1931ರ ‘ಹಿಸ್ ಲವ್ ಅಫೇರ್’ ಅನ್ನೋ ಮೂಕಿಚಿತ್ರದಲ್ಲಿ ಜಯಮ್ಮ ನಟಿಸಿದ್ರು. ನಿರ್ದೇಶಕರು ಬೆಲ್ಜಿಯಂನ ರಫೇಲ್ ಅಲ್ಗೋಟ್. ಆಗ ಜಯಮ್ಮನಿಗೆ ಹದಿನೈದೋ ಹದಿನಾರೋ. ನಮ್ಮ ಪಿಯುಸಿ ಹುಡುಗಿಯರ ವಯಸ್ಸು.

ಇದರಲ್ಲಿ ಒಂದು ವಿಚಿತ್ರ ನೋಡಿ. ಕಂಠದಿಂದಲೇ ಹೆಸರು ಮಾಡಬೇಕಾದ ನಟಿಯ ಸಿನಿಮಾ ಪ್ರವೇಶ ಆಗಿದ್ದು ಮಾತೂ ಇಲ್ಲದ, ಹಾಡೂ ಇಲ್ಲದ ಚಿತ್ರದಲ್ಲಿ. ಅದೇ ವರ್ಷ ಮುಂಬೈಯಲ್ಲಿ ‘ಆಲಂ ಆರಾ’ ಬಂದು ಭಾರತದ ಸಿನಿಮಾ ಮಾತಾಡೋಕೆ ಶುರು ಮಾಡಿತು. ಮೂರು ವರ್ಷಕ್ಕೆ, 1934ರಲ್ಲಿ, ಕನ್ನಡದ ಮೊದಲ ಟಾಕಿ ‘ಸತಿ ಸುಲೋಚನ’ ಬಂತು. ಅದರ ಚಿತ್ರೀಕರಣ ನಡೆದದ್ದು ಕರ್ನಾಟಕದಲ್ಲಲ್ಲ, ಕೊಲ್ಹಾಪುರದಲ್ಲಿ.

ಟಾಕಿಗೆ ಹಾಡೋ ನಟಿಯರು ಬೇಕಿತ್ತು. ಹಿನ್ನೆಲೆ ಗಾಯನ ಇನ್ನೂ ನೆಲೆಯೂರಿರಲಿಲ್ಲ, ಕ್ಯಾಮೆರಾ ಮುಂದೆ ನಿಂತವರೇ ಹಾಡಬೇಕು. ಕಂಪನಿ ನಾಟಕದವರಿಗೆ ಅದು ನಿತ್ಯದ ಕೆಲಸ. ಹಾಗಾಗಿ ಜಯಮ್ಮನಂಥವರಿಗೆ ಇದು ಒಳ್ಳೇ ಕಾಲ ಆಗಬೇಕಿತ್ತು. ಆದರೆ ಕನ್ನಡದಲ್ಲಿ ಚಿತ್ರಗಳೇ ಇರಲಿಲ್ಲ. ವರ್ಷಕ್ಕೆ ಒಂದು, ಎರಡು, ಹೆಚ್ಚೆಂದ್ರೆ ಮೂರು. ಕೆಲವು ವರ್ಷ ಒಂದೂ ಇಲ್ಲ. ಜಯಮ್ಮನವರ ‘ಸುಭದ್ರಾ’ ಬಂದದ್ದು 1941ರಲ್ಲಿ, ಅಂದ್ರೆ ಆ ಮೂಕಿಚಿತ್ರ ಬಂದು ಹತ್ತು ವರ್ಷದ ನಂತರ.

ಅಷ್ಟು ಹೊತ್ತಿಗೆ ಯುದ್ಧ ಶುರುವಾಗಿತ್ತು. ಫಿಲ್ಮ್ ರೀಲು ಹೊರದೇಶದಿಂದ ಬರಬೇಕು, ಹಡಗುಗಳು ಯುದ್ಧದ ಸಾಮಾನು ಹೊರ್ತಿದ್ವು. 1942ರಲ್ಲಿ ಬ್ರಿಟಿಷ್ ಸರ್ಕಾರ ಒಂದು ಚಿತ್ರ 11,000 ಅಡಿಗಿಂತ ಉದ್ದ ಇರಬಾರದು ಅಂತ ಕಟ್ಟುಮಾಡಿತು. ಸುಮಾರು ಎರಡು ಗಂಟೆ. ಆಮೇಲೆ ರೀಲಿಗೆ ಲೈಸೆನ್ಸ್ ಕೂಡ ಬಂತು. ದೊಡ್ಡ ಮಾರುಕಟ್ಟೆ ಇದ್ದ ಹಿಂದಿ, ತಮಿಳು, ತೆಲುಗು ಚಿತ್ರಗಳು ಹೇಗೋ ನಡೆದ್ವು. ಪುಟ್ಟ ಕನ್ನಡ ಸಿನಿಮಾ ಏದುಸಿರು ಬಿಡ್ತು.

ಯುದ್ಧ ಮುಗಿಯೋ ಹೊತ್ತಿಗೆ ಬಂದ ‘ಹೇಮರೆಡ್ಡಿ ಮಲ್ಲಮ್ಮ’ ಜಯಮ್ಮನವರ ಮುಖ್ಯ ಕನ್ನಡ ಚಿತ್ರ. ವೀರಣ್ಣ, ಹೊನ್ನಪ್ಪ ಭಾಗವತರ್ ಜೊತೆಗಿದ್ರು. ಮಲ್ಲಮ್ಮನ ಕಥೆ ನಮ್ಮ ಹಳ್ಳಿಗಳಲ್ಲಿ ಹೇಳಿಕೊಡಬೇಕಿಲ್ಲ. ಅತ್ತೆ, ನೆಗೆಣ್ಣಿಯರ ಕಾಟ ಸಹಿಸಿ ಶ್ರೀಶೈಲದ ಮಲ್ಲಿಕಾರ್ಜುನನನ್ನ ನಂಬಿದವಳು, ದಾರಿತಪ್ಪಿದ ಮೈದುನ ವೇಮನನ್ನ ತಿದ್ದಿದವಳು. ಜಾತ್ರೆಗೆ ಗಾಡಿ ಕಟ್ಟಿಕೊಂಡು ಬರೋ ಹೆಂಗಸರು ಸೆರಗಿನ ತುದಿಯಿಂದ ಕಣ್ಣೊರೆಸಿಕೊಳ್ಳುವಂಥ ಕಥೆ.

ಇಪ್ಪತ್ತೊಂಬತ್ತಕ್ಕೇ ‘ಬಿಟ್ಟುಹೋದ ಹೆಂಡತಿ’

ಈಗ ನನಗೆ ಅತಿ ಮುಖ್ಯ ಅನ್ನಿಸೋ ಚಿತ್ರಕ್ಕೆ ಬರ್ತೀನಿ. ಅದು ಕನ್ನಡದ್ದಲ್ಲ, ತೆಲುಗಿನದು. 1945ರ ‘ಸ್ವರ್ಗಸೀಮ’. ನಿರ್ದೇಶಕರು ಬಿ.ಎನ್. ರೆಡ್ಡಿ. ತೆಲುಗು ಸಿನಿಮಾ ಚರಿತ್ರೆಯಲ್ಲಿ ಇದಕ್ಕೆ ದೊಡ್ಡ ಸ್ಥಾನ ಇದೆ.

ಕಥೆ ಹೀಗಿದೆ. ಬೀದಿಯಲ್ಲಿ ಆಡಿ ಹಾಡಿ ಹೊಟ್ಟೆ ಹೊರೆಯೋ ಸುಬ್ಬಿ ಅನ್ನೋ ಹುಡುಗಿ. ಅವಳ ಪ್ರತಿಭೆ ಕಂಡ ಮೂರ್ತಿ ಅವಳನ್ನ ರಂಗಕ್ಕೆ ತರ್ತಾನೆ. ಸುಬ್ಬಿ ಸುಜಾತಾದೇವಿ ಆಗ್ತಾಳೆ, ಹೆಸರಾಂತ ನಟಿ. ಮೂರ್ತಿ ಅವಳ ಮೋಹಕ್ಕೆ ಬಿದ್ದು ಹೆಂಡತಿ ಕಲ್ಯಾಣಿಯನ್ನೂ ಮಕ್ಕಳನ್ನೂ ಬಿಟ್ಟು ಹೋಗ್ತಾನೆ. ಕೊನೆಗೆ ಬುದ್ಧಿ ಬಂದು ಮನೆಗೆ ವಾಪಸ್ ಬರ್ತಾನೆ. ಮೂರ್ತಿಯಾಗಿ ಚಿತ್ತೂರು ನಾಗಯ್ಯ, ಸುಬ್ಬಿಯಾಗಿ ಭಾನುಮತಿ, ಕಲ್ಯಾಣಿಯಾಗಿ ನಮ್ಮ ಜಯಮ್ಮ.

ಈಗ ವಯಸ್ಸು ಲೆಕ್ಕ ಹಾಕಿ. ನಾಗಯ್ಯನವರಿಗೆ ನಲವತ್ತು. ಭಾನುಮತಿಗೆ ಸುಮಾರು ಇಪ್ಪತ್ತು. ಜಯಮ್ಮನಿಗೆ? ಇಪ್ಪತ್ತೊಂಬತ್ತು! ನಲವತ್ತರ ಗಂಡಸು ಕಥೆಯ ನಾಯಕ, ಇಪ್ಪತ್ತರ ಹುಡುಗಿ ಮೋಹಿನಿ, ಇಪ್ಪತ್ತೊಂಬತ್ತರ ಹೆಂಗಸು ಆಗಲೇ ‘ಹಳೇ ಹೆಂಡತಿ’. ಇವತ್ತಿನ ಸಿನಿಮಾದಲ್ಲಿ ಇದು ಬದಲಾಗಿದೆಯಾ ಅಂತ ನೀವೇ ಹೇಳಿ.

ಭಾನುಮತಿ ಈ ಚಿತ್ರದಿಂದ ತಾರೆಯಾದ್ರು. ಅದು ಅವರ ಹಕ್ಕು, ಅದ್ಭುತ ಕಲಾವಿದೆ. ಅವರ ಪಾತ್ರಕ್ಕೆ ಹಾಡು, ಕುಣಿತ, ಕಣ್ಣಿನ ಮಿಂಚು ಎಲ್ಲಾ ಇತ್ತು. ಕಲ್ಯಾಣಿಯ ಪಾತ್ರಕ್ಕೆ ಇದ್ದದ್ದು ಕಾಯೋದು. ಬಾಗಿಲ ಕಡೆ ನೋಡೋದು, ಮಕ್ಕಳಿಗೆ ಸಮಾಧಾನ ಹೇಳೋದು. ಆದರೆ ಯೋಚಿಸಿ ನೋಡಿ, ಪ್ರೇಕ್ಷಕರಿಗೆ ಮೂರ್ತಿ ವಾಪಸ್ ಬರಲಿ ಅಂತ ಅನ್ನಿಸದೇ ಇದ್ರೆ ಆ ಚಿತ್ರ ಬಿದ್ದುಹೋಗತ್ತೆ. ಹಾಗನ್ನಿಸೋ ಹಾಗೆ ಮಾಡಬೇಕಾದ್ದು ಕಲ್ಯಾಣಿ. ಇಡೀ ಕಥೆಯ ಭಾರ ಹೊತ್ತ ತೊಲೆ ಆಕೆ. ತೊಲೆಯನ್ನ ಯಾರೂ ತಲೆಯೆತ್ತಿ ನೋಡಲ್ಲ.

ಇದರ ಜೊತೆ ಒಂದು ಸಂಗತಿ ಸೇರಿಸ್ತೀನಿ. ಜಯಮ್ಮ ಸ್ವತಃ ರಂಗದ ನಟಿ, ನಾಟಕ ಕಂಪನಿಯ ಯಜಮಾನರನ್ನ ಮದುವೆಯಾದವರು. ವೀರಣ್ಣನವರಿಗೆ ಒಂದಕ್ಕಿಂತ ಹೆಚ್ಚು ಮದುವೆ ಆಗಿತ್ತು, ಅದು ಎಲ್ಲರಿಗೂ ಗೊತ್ತಿರೋ ವಿಷಯ. ರಂಗದಿಂದ ಬಂದ ನಟಿ ತೆರೆಯ ಮೇಲೆ, ರಂಗದ ನಟಿಯಿಂದಾಗಿ ಗಂಡನನ್ನ ಕಳಕೊಂಡ ಗೃಹಿಣಿಯ ಪಾತ್ರ ಮಾಡಿದ್ರು. ಆ ಕಥೆಯ ಎರಡೂ ಬದಿಯ ಮಾತನ್ನ ಬಲ್ಲ ಹೆಂಗಸು ಆಕೆ. ಅದರ ಬಗ್ಗೆ ಅವರ ಮನಸ್ಸಿನಲ್ಲಿ ಏನಿತ್ತು ಅಂತ ನಾವು ಕಥೆ ಕಟ್ಟೋದು ಬೇಡ. ಚಿತ್ರ ನೋಡುವಾಗ ಇಷ್ಟು ನೆನಪಿದ್ರೆ ಸಾಕು.

‘ಸ್ವರ್ಗಸೀಮ’ದಲ್ಲಿ ಇನ್ನೊಂದು ತಿರುವು ಇದೆ. ಘಂಟಸಾಲ ಹಿನ್ನೆಲೆ ಗಾಯಕರಾಗಿ ಹಾಡಿದ ಮೊದಲ ಚಿತ್ರ ಇದೇ. ಅಂದ್ರೆ ತಾವೇ ಹಾಡೋ ನಟ ನಟಿಯರ ಕಾಲದ ಕೊನೆ ಮತ್ತು ಹಿನ್ನೆಲೆ ಗಾಯಕರ ಕಾಲದ ಮೊದಲು, ಎರಡೂ ಒಂದೇ ಚಿತ್ರದಲ್ಲಿ ಹಾದುಹೋಗ್ತವೆ. ಜಯಮ್ಮನವರ ಅತಿ ದೊಡ್ಡ ಆಸ್ತಿ ಅವರ ಕಂಠ. ಕೆಲವೇ ವರ್ಷಗಳಲ್ಲಿ ಸಿನಿಮಾಗೆ ಆ ಆಸ್ತಿ ಬೇಡವಾಯ್ತು. ಮುಖ ಒಬ್ಬರದು, ದನಿ ಇನ್ನೊಬ್ಬರದು ಆದ್ರೂ ನಡೆಯತ್ತೆ ಅನ್ನೋ ಕಾಲ ಬಂತು.

1946ರಲ್ಲಿ ನಾಗಯ್ಯನವರದೇ ‘ತ್ಯಾಗಯ್ಯ’ದಲ್ಲೂ ಜಯಮ್ಮ ಇದ್ದಾರೆ. ತಮಿಳಿನಲ್ಲೂ ಆ ವರ್ಷಗಳಲ್ಲೇ ನಟಿಸಿದ್ರು. ಒಟ್ಟಿನಲ್ಲಿ 1940ರ ದಶಕ ಅವರ ಸಿನಿಮಾ ಬದುಕಿನ ತುಂಬು ಕಾಲ. ಮುಂದೆ 1950ರ ದಶಕದಲ್ಲಿ ‘ಗುಣಸಾಗರಿ’, ‘ಅಣ್ಣ ತಂಗಿ’ಯಂಥ ಚಿತ್ರಗಳು. ಅಷ್ಟರಲ್ಲಿ ಕನ್ನಡ ಸಿನಿಮಾಗೆ ಹೊಸ ಮುಖಗಳು ಬಂದಿದ್ವು. 1954ರಲ್ಲಿ ‘ಬೇಡರ ಕಣ್ಣಪ್ಪ’ ಬಂದು ರಾಜ್‌ಕುಮಾರ್ ನಾಯಕರಾದ್ರು. ಅದೇ ಚಿತ್ರದ ನಾಯಕಿ ಪಂಢರಿಬಾಯಿ ಮುಂದೆ ರಾಜ್‌ಕುಮಾರ್‌ಗೇ ತಾಯಿಯಾಗಿ ನಟಿಸಿದ್ರು, ಗೊತ್ತಲ್ಲ? ನಾಯಕ ನಾಯಕನಾಗೇ ಉಳೀತಾನೆ, ನಾಯಕಿ ಅಮ್ಮ ಆಗ್ತಾಳೆ. ಜಯಮ್ಮ ಆ ಸಾಲಿನ ಮುಂಚೂಣಿಯಲ್ಲಿದ್ದವರು. 1988ರಲ್ಲಿ ತೀರಿಕೊಂಡರು.

ಮರೆವಿಗೆ ಕಾರಣಗಳಿವೆ

‘ಕಾಲ ಹೋದ ಹಾಗೆ ಎಲ್ಲರನ್ನೂ ಮರೀತೀವಿ’ ಅಂತ ಸುಮ್ಮನಾಗಬಹುದು. ನಾನು ಒಪ್ಪಲ್ಲ. ಮರೆವು ಸುಮ್ಮನೆ ಆಗಲ್ಲ, ಅದಕ್ಕೆ ನಿರ್ದಿಷ್ಟ ಕಾರಣ ಇರತ್ತೆ.

ಒಂದು, ಫಿಲ್ಮು. ಆಗಿನ ರೀಲು ನೈಟ್ರೇಟ್‌ನದು. ಬೇಗ ಬೆಂಕಿ ಹಿಡಿಯತ್ತೆ, ಸೆಕೆಗೆ ಪುಡಿಪುಡಿಯಾಗತ್ತೆ. ಹಳೇ ರೀಲಿನಿಂದ ಬೆಳ್ಳಿ ತೆಗೆಯಬಹುದು ಅಂತ ಮಾರಿದವರೂ ಇದ್ರು. ಭಾರತದಲ್ಲಿ ಸಾವಿರಕ್ಕೂ ಹೆಚ್ಚು ಮೂಕಿಚಿತ್ರ ಬಂದ್ವು, ಉಳಿದದ್ದು ಬೆರಳೆಣಿಕೆ. ‘ಆಲಂ ಆರಾ’ ಇಲ್ಲ, ‘ಸತಿ ಸುಲೋಚನ’ ಇಲ್ಲ. ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಶುರುವಾದದ್ದೇ 1964ರಲ್ಲಿ.

ಹೋಲಿಕೆಗೆ ಜರ್ಮನಿ ನೋಡಿ. 1946ರಲ್ಲಿ ಬರ್ಲಿನ್ ಬಾಂಬಿಗೆ ಕುಸಿದು ಬಿದ್ದಿತ್ತು. ಆ ಅವಶೇಷಗಳ ನಡುವೆಯೇ ‘ಕೊಲೆಗಾರರು ನಮ್ಮ ನಡುವೆ ಇದ್ದಾರೆ’ ಅನ್ನೋ ಅರ್ಥದ ಹೆಸರಿನ ಚಿತ್ರ ತೆಗೆದ್ರು. ಅದರ ನಾಯಕಿ ಹಿಲ್ಡೆಗಾರ್ಡ್ ಕ್ನೆಫ್‌ಗೆ ಆಗ ಇಪ್ಪತ್ತರ ಹರೆಯ. ಆ ಚಿತ್ರವನ್ನ ಇವತ್ತಿಗೂ ನೋಡಬಹುದು, ಪಾಠ ಮಾಡ್ತಾರೆ. ಸೋತ, ಸುಟ್ಟುಹೋದ ದೇಶ ತನ್ನ ಚಿತ್ರ ಉಳಿಸಿಕೊಳ್ತು. ಒಂದು ಬಾಂಬೂ ಬೀಳದ ನಮ್ಮ ನಾಡು ತನ್ನ ಮೊದಲ ಟಾಕಿಯನ್ನ ಕಳಕೊಂಡಿತು.

ಎರಡು, ರಂಗ. ಜಯಮ್ಮ ಬದುಕಿನ ಬಹುಪಾಲು ಆಡಿದ್ದು ರಂಗದ ಮೇಲೆ. ಪರದೆ ಬಿದ್ದ ಮೇಲೆ ಅದು ನೋಡಿದವರ ತಲೆಯಲ್ಲಿ ಮಾತ್ರ ಇರತ್ತೆ. ಮೂರು, ಭಾಷೆ. ಅವರ ಅತಿ ಹೆಸರಾದ ಚಿತ್ರ ತೆಲುಗಿನದು. ತೆಲುಗಿನವರಿಗೆ ಆಕೆ ಕನ್ನಡದವರು, ಕನ್ನಡದವರಿಗೆ ಆ ಚಿತ್ರ ತೆಲುಗಿನದು. ನಡುವೆ ಜಯಮ್ಮ ಬಿದ್ದುಹೋದ್ರು. ನಾಲ್ಕು, ಮೊದಲೇ ಹೇಳಿದ ಆ ಒಂದು ಸಾಲು. ವೀರಣ್ಣನವರು ದೊಡ್ಡವರು, ಪದ್ಮಶ್ರೀ ಬಂತು, ಅವರ ಹೆಸರಲ್ಲಿ ರಂಗಮಂದಿರ ಇದೆ, ಪ್ರಶಸ್ತಿ ಇದೆ. ಬರಲೇಬೇಕು. ಆದರೆ ದೊಡ್ಡ ಮರದ ಪಕ್ಕದಲ್ಲಿದ್ದ ಇನ್ನೊಂದು ಮರವನ್ನ ನಾವು ಕೊಂಬೆ ಅಂದುಕೊಂಡ್ವಿ.

ನೀವೇನು ಮಾಡಬಹುದು?

ಇಷ್ಟು ಕೇಳಿ ‘ಪಾಪ’ ಅಂದು ಮುಂದಿನ ಎಪಿಸೋಡ್‌ಗೆ ಹೋಗಬೇಡಿ. ಮೊದಲನೇದು, ‘ಸ್ವರ್ಗಸೀಮ’ವನ್ನ ಯೂಟ್ಯೂಬಿನಲ್ಲಿ ಹುಡುಕಿ ನೋಡಿ. ತೆಲುಗು ಬರದಿದ್ರೂ ಪರವಾಗಿಲ್ಲ. ಕಲ್ಯಾಣಿ ಬರೋ ಕಡೆ ಫೋನ್ ಪಕ್ಕಕ್ಕಿಡದೆ ಆಕೆಯ ಮುಖ ನೋಡಿ.

ಎರಡನೇದು ಹೆಚ್ಚು ತುರ್ತು. 1950ರಲ್ಲಿ ಹತ್ತು ವರ್ಷದ ಮಗುವಾಗಿ ಅಪ್ಪನ ತೊಡೆ ಮೇಲೆ ಕೂತು ಕಂಪನಿ ನಾಟಕ ನೋಡಿದವರಿಗೆ ಈಗ ಎಂಬತ್ತು ದಾಟಿದೆ. ಅಂಥವರು ನಿಮ್ಮ ಮನೆಯಲ್ಲೇ ಇರಬಹುದು, ಇಲ್ಲಾ ಪಕ್ಕದ ಬೀದಿಯಲ್ಲಿ. ಅವರ ಹತ್ತಿರ ಕೂತು ಕೇಳಿ. ನಮ್ಮೂರಿಗೆ ಯಾವ ಕಂಪನಿ ಬರ್ತಿತ್ತು? ಥಿಯೇಟರ್ ಎಲ್ಲಿ ಹಾಕ್ತಿದ್ರು, ಸಂತೆ ಮೈದಾನದಲ್ಲಾ, ಸ್ಟೇಷನ್ ಹತ್ತಿರಾನಾ? ಟಿಕೆಟ್ ಎಷ್ಟು? ಹೆಣ್ಣಿನ ಪಾತ್ರ ಯಾರು ಮಾಡ್ತಿದ್ರು, ಆಕೆ ಎಲ್ಲಿ ಉಳ್ಕೊಳ್ತಿದ್ರು, ಊರವರು ಆಕೆ ಬಗ್ಗೆ ಏನಂತಿದ್ರು? ಕೊನೇ ಪ್ರಶ್ನೆ ಬಿಡಬೇಡಿ. ಒಂದು ಹಾಡು ನೆನಪಿದ್ರೆ ಹಾಡಿಸಿ. ದನಿ ನಡುಗಿದ್ರೆ ನಡುಗಲಿ, ರೆಕಾರ್ಡ್ ಮಾಡಿ. ತಾರೀಕು, ಊರು, ಅವರ ವಯಸ್ಸು ಹೇಳಿ ಫೈಲ್ ಉಳಿಸಿ. ಅವರು ಒಪ್ಪಿದ್ರೆ ಮಾತ್ರ ಬೇರೆಯವರಿಗೆ ಕಳಿಸಿ.

ಅಟ್ಟದ ಮೇಲಿನ ಟ್ರಂಕು ತೆಗೆದಾಗ ಹಳೇ ಹ್ಯಾಂಡ್‌ಬಿಲ್, ಹಾಡಿನ ಪುಸ್ತಕ, ಗ್ರಾಮಫೋನ್ ತಟ್ಟೆ ಸಿಕ್ರೆ ಗುಜರಿಗೆ ಹಾಕಬೇಡಿ. ಫೋಟೋ ತೆಗೀರಿ, ಹಿಂದೆ ಮುಂದೆ ಎರಡೂ ಕಡೆ. ಅದರಲ್ಲಿ ನಟಿಯ ಹೆಸರಿದ್ರೆ ಅದನ್ನ ಮೊದಲು ಬರ್ಕೊಳ್ಳಿ, ಯಜಮಾನರ ಹೆಸರು ಹೇಗಿದ್ರೂ ಉಳಿಯತ್ತೆ.

ಜಯಮ್ಮನವರ ಮೂಕಿಚಿತ್ರವನ್ನ ನಾವು ವಾಪಸ್ ತರೋಕಾಗಲ್ಲ. ಆದರೆ ಅವರಂಥವರು ಹಾಡಿದ್ದನ್ನ ಕಿವಿಯಾರೆ ಕೇಳಿದ ಕೆಲವರು ಕಡೂರು, ತರೀಕೆರೆ, ಅಜ್ಜಂಪುರದಲ್ಲಿ ಇನ್ನೂ ಇದ್ದಾರೆ. ಈ ಭಾನುವಾರ ಹೋಗಿ ಮಾತಾಡಿಸಿ. ಮುಂದಿನ ವರ್ಷ ಮಾಡೋಣ ಅನ್ನೋ ಕೆಲಸ ಅಲ್ಲ ಇದು.